ಎಲ್ಲರೂ ನಕ್ಕರು

ಜೂನ್ 14

ಅತ್ತೆಯವರಿಗೆ ನಮಸ್ಕಾರ.

ಮನೆ ನೀವು ಬಿಟ್ಟುಹೋದ ಹಾಗೇ ಇದೆ. ನಿಮ್ಮ ಕುರ್ಚಿ ಕಿಟಕಿಯ ಹತ್ತಿರವೇ ಇದೆ. ನಿಮ್ಮ ಮಗನ ಫೋಟೋದ ಧೂಳನ್ನು ದಿನಾ ಒರೆಸುತ್ತೇನೆ. ಅಡುಗೆಮನೆಯ ನಲ್ಲಿ ಮಾತ್ರ ಮತ್ತೆ ತೊಟ್ಟಿಕ್ಕುತ್ತಿದೆ. ಸರಿಮಾಡಿಸಬೇಕು ಎಂದುಕೊಳ್ಳುತ್ತೇನೆ. ಆಮೇಲೆ, ಅದೂ ನಿಂತರೆ ಇಲ್ಲಿ ಬೇರೆ ಸದ್ದೇ ಇರುವುದಿಲ್ಲವಲ್ಲ ಅನಿಸಿ ಸುಮ್ಮನಾಗುತ್ತೇನೆ.

ಶಾಲೆಯಲ್ಲಿ ನನ್ನ ಕೆಲಸ ಬದಲಾಗಿದೆ. ಇಷ್ಟು ದಿನ ತರಗತಿಯ ಸಹಾಯಕಿ ಎಂದರೆ ಪೆನ್ಸಿಲ್ ಚೂಪು ಮಾಡುವುದು, ಬಿದ್ದವರನ್ನು ಎತ್ತುವುದು, ಗಲಾಟೆ ಮಾಡುವವರನ್ನು ಕಣ್ಣಲ್ಲೇ ಹೆದರಿಸುವುದು. ಈ ವರ್ಷ ಕೈಗೆ ಲ್ಯಾಪ್‌ಟಾಪ್ ಕೊಟ್ಟಿದ್ದಾರೆ. ಕಾರಣ ಒಬ್ಬ ಹೊಸ ಹುಡುಗಿ. ಹತ್ತು ವರ್ಷವಿರಬೇಕು. ಅವಳಿಗೆ ಕೇಳಿಸುವುದು ತೀರಾ ಕಡಿಮೆ. ಕಿವಿಯಲ್ಲಿ ಯಂತ್ರವಿದ್ದರೂ ಅಷ್ಟು ಮಕ್ಕಳ ಗದ್ದಲದಲ್ಲಿ ಅದರಿಂದ ಹೆಚ್ಚು ಉಪಯೋಗವಿಲ್ಲ.

ಹಾಗಾಗಿ ವಿಜ್ಞಾನದ ಮೇಷ್ಟ್ರು ಕಾಲರಿಗೆ ಒಂದು ಪುಟ್ಟ ಮೈಕು ಸಿಕ್ಕಿಸಿಕೊಳ್ಳುತ್ತಾರೆ. ಅವರು ಹೇಳಿದ್ದನ್ನು ಕಂಪ್ಯೂಟರ್ ಕೇಳಿಸಿಕೊಂಡು ಅಕ್ಷರವಾಗಿಸುತ್ತದೆ. ಅದು ಹುಡುಗಿಯ ಮುಂದಿರುವ ಪರದೆಯ ಮೇಲೆ ಸಾಲುಸಾಲಾಗಿ ಬರುತ್ತದೆ. ಕಂಪ್ಯೂಟರ್ ತಪ್ಪಿದಲ್ಲಿ ಹಿಂದಿನ ಬೆಂಚಿನಲ್ಲಿ ಕೂತ ನಾನು ತಿದ್ದಬೇಕು. ಪಾಠದ ಹೊಸ ಪದಗಳನ್ನು ಮೊದಲೇ ಅದಕ್ಕೆ ಕೊಟ್ಟಿಟ್ಟರೆ ತಪ್ಪು ಕಡಿಮೆಯಾಗುತ್ತದೆ ಎಂದು ಈಗೀಗ ಕಂಡುಕೊಂಡಿದ್ದೇನೆ.

ಎಲ್ಲ ಸರಿಯೇ. ಆದರೆ ಹುಡುಗಿ ಪರದೆಯನ್ನು ಮಡಚಿಡುತ್ತಾಳೆ. ಮೊದಲ ವಾರ ಓದಿದಳು, ಈಗ ಮೇಷ್ಟ್ರ ಬಾಯಿಯನ್ನೇ ನೋಡುತ್ತಾ ತಲೆಯಾಡಿಸುತ್ತಾಳೆ. ಅರ್ಥವಾಯಿತೇ ಎಂದರೆ ಹೂಂ ಎನ್ನುತ್ತಾಳೆ. ಏನೂ ಆಗಿರುವುದಿಲ್ಲ. ವರ್ಷದ ಕೊನೆಗೂ ಹೀಗೇ ಇದ್ದರೆ ಬೇರೆ ಶಾಲೆಗೆ ಕಳಿಸೋಣ ಎಂದಿದ್ದಾರೆ ಹೆಡ್‌ಮಿಸ್ಟ್ರೆಸ್. ನೀವು ಇಡೀ ಆಯುಷ್ಯ ಮಕ್ಕಳ ಮುಂದೆ ನಿಂತವರು, ಏನು ಮಾಡಲಿ ಹೇಳಿ.

ನಿಮಗೆ ಫೋನೆಂದರೆ ಆಗದು, ಮೊಬೈಲಿನ ಇರುವೆಯಂಥ ಅಕ್ಷರವೂ ಆಗದು. ಒಂದು ಲೆಕ್ಕಕ್ಕೆ ಒಳ್ಳೆಯದೇ. ನಿಮ್ಮ ಕಾಗದ ಬಂದ ದಿನ ಮನೆಗೆ ನೆಂಟರು ಬಂದ ಹಾಗಿರುತ್ತದೆ. ಬೇರೆ ಯಾರೂ ಈ ಬಾಗಿಲು ತಟ್ಟುವುದಿಲ್ಲ.

ನಿಮ್ಮ ಸೊಸೆ


ಜೂನ್ 27

ನನ್ನ ಪಿಸುಮಾತಿನ ಸೊಸೆಗೆ,

ಕಾಗದದಲ್ಲಾದರೂ ನಿನ್ನ ದನಿ ದಪ್ಪಗಿದೆ. ಎದುರಿಗಿದ್ದಾಗ ನೀನು ಮಾತಾಡುತ್ತಿದ್ದುದು ನಿನ್ನ ಸೆರಗಿಗೇ ಕೇಳಿಸುತ್ತಿತ್ತೋ ಇಲ್ಲವೋ.

ಇಲ್ಲಿ ಮನೆತುಂಬ ಮಾತು. ನಿನ್ನ ನಾದಿನಿ ಬಾಯಿಗೆ ಬಿಡುವಿಲ್ಲದವಳು, ಅಳಿಯ ಅವಳಿಗೆ ತಕ್ಕವನು. ಮೊಮ್ಮಗನಂತೂ ಇಬ್ಬರನ್ನೂ ಮೀರಿಸುತ್ತಾನೆ. ಮೊನ್ನೆ ಊಟಕ್ಕೆ ಕೂತಾಗ ಅಳಿಯ ಆಫೀಸಿನದೇನೋ ತಮಾಷೆ ಹೇಳಿ ಎಲ್ಲರನ್ನೂ ಹೊಟ್ಟೆ ಹುಣ್ಣಾಗುವಂತೆ ನಗಿಸಿದ. ನಾನೂ ನಕ್ಕೆ. ನೀನು ನನ್ನ ಚಿಂತೆ ಮಾಡಬೇಡ, ಇಲ್ಲಿ ಬೇಸರಪಡಲು ಪುರುಸೊತ್ತೇ ಇಲ್ಲ.

ಇನ್ನು ನಿನ್ನ ಹುಡುಗಿ. ಅವಳು ಪರದೆ ಮಡಚುವುದು ಓದಲಾರದೆ ಅಲ್ಲ. ಇಡೀ ತರಗತಿಯಲ್ಲಿ ಅವಳೊಬ್ಬಳ ಮುಂದೆ ಅದನ್ನು ಇಟ್ಟಿದ್ದೀಯ. ಬಂದವರು ಹೋದವರು ಮೊದಲು ಅದನ್ನು ನೋಡುತ್ತಾರೆ, ಆಮೇಲೆ ಅವಳನ್ನು. ಅದಕ್ಕಿಂತ ಏನೂ ತಿಳಿಯದೆ ತಲೆಯಾಡಿಸುವುದು ಸುಲಭ. ಆ ಅಕ್ಷರಗಳನ್ನು ಗೋಡೆಯ ಮೇಲೆ ಬರುವ ಹಾಗೆ ಮಾಡಲು ಆಗುವುದಿಲ್ಲವೇ, ಸಿನಿಮಾ ಬಿಟ್ಟ ಹಾಗೆ? ಎಲ್ಲರಿಗೂ ಹಾಕು. ಎಲ್ಲರಿಗೂ ಇದ್ದರೆ ಅದು ಅವಳದು ಅನಿಸುವುದಿಲ್ಲ.

ಸೀಮೆಸುಣ್ಣದಲ್ಲಿ ಕೆಲಸ ಮುಗಿಸಿದ ನನಗೆ ಕಂಪ್ಯೂಟರಿನ ಮೇಲೆ ಭಕ್ತಿಯೇನೂ ಇಲ್ಲ. ಆದರೂ ಮಾತನ್ನು ಅಕ್ಷರ ಮಾಡುತ್ತದೆ ಅಂದೆಯಲ್ಲ, ಅದು ನಿಜವೇ? ಅಲ್ಲಲ್ಲೇ, ಆಡಿದ ತಕ್ಷಣವೇ?

ಅತ್ತೆ


ಜುಲೈ 20

ಅತ್ತೆಯವರಿಗೆ ನಮಸ್ಕಾರ.

ನಿಜ, ಆಡಿದ ತಕ್ಷಣವೇ. ಮೇಷ್ಟ್ರು ಉಸಿರು ತೆಗೆದುಕೊಳ್ಳುವಷ್ಟರಲ್ಲಿ ಸಾಲು ಮುಗಿದಿರುತ್ತದೆ.

ನೀವು ಹೇಳಿದಂತೆ ಪ್ರೊಜೆಕ್ಟರ್ ಹಚ್ಚಿ ಗೋಡೆಯ ಮೇಲೆ ಹಾಕಿದೆವು. ಮೊದಲ ದಿನ ಮಕ್ಕಳೆಲ್ಲ ಗೋಡೆಯನ್ನೇ ಬಾಯಿಬಿಟ್ಟುಕೊಂಡು ನೋಡಿದರು. ವಾರ ಕಳೆಯುವಷ್ಟರಲ್ಲಿ ಹಳೆಯದಾಯಿತು. ಬರೆದುಕೊಳ್ಳುವಾಗ ತಪ್ಪಿಹೋದದ್ದನ್ನು ಈಗ ಎಲ್ಲರೂ ಅಲ್ಲೇ ನೋಡಿಕೊಳ್ಳುತ್ತಾರೆ. ಹುಡುಗಿ ಓದುತ್ತಿದ್ದಾಳೆ. ಕಿರುಪರೀಕ್ಷೆಯಲ್ಲಿ ಪಾಸಾದಳು.

ನನಗೂ ಕೈ ಕುದುರಿದೆ. ಮೈಕು ಮೇಷ್ಟ್ರ ಮಾತನ್ನಷ್ಟೇ ಹಿಡಿಯುತ್ತದೆ. ಮಕ್ಕಳು ಕೇಳುವ ಪ್ರಶ್ನೆಗಳನ್ನು ನಾನೇ ಟೈಪ್ ಮಾಡುತ್ತೇನೆ. ಮೇಷ್ಟ್ರು ನಡುವೆ ತಮಾಷೆ ಮಾಡಿದರೆ, ಬೇರೆ ಕಥೆಗೆ ಹಾರಿದರೆ ಅದನ್ನು ಅಳಿಸಿಬಿಡುತ್ತೇನೆ. ಸಂಜೆಗೆ ಉಳಿಯುವುದು ಕಲ್ಲು ಆರಿಸಿದಂಥ ಪಾಠ. ಹೆಡ್‌ಮಿಸ್ಟ್ರೆಸ್ ಮೆಚ್ಚಿಕೊಂಡು ಉಳಿದ ಸಹಾಯಕಿಯರಿಗೂ ತೋರಿಸಿದರು.

ಆದರೂ ಏನೋ ಕೊರತೆ. ಬಿಡುವಿನ ಹೊತ್ತಿನಲ್ಲಿ ಅವಳು ಒಬ್ಬಳೇ ಗೋಡೆಗೆ ಒರಗಿ ಬ್ರೆಡ್ಡು ತಿನ್ನುತ್ತಾಳೆ. ತರಗತಿಯಲ್ಲಿ ಎಲ್ಲರೂ ನಕ್ಕರೆ ತಾನೂ ನಗುತ್ತಾಳೆ, ಆದರೆ ಆಚೀಚೆ ನೋಡಿಕೊಂಡು. ಯಾಕೆ ನಕ್ಕೆ ಎಂದು ಒಮ್ಮೆ ಬರೆದು ಕೇಳಿದೆ. ಭುಜ ಕುಣಿಸಿದಳು.

ಅಂದ ಹಾಗೆ ನಿಮ್ಮ ಅಳಿಯನ ಆ ತಮಾಷೆ ಏನು? ಬರೆದು ಕಳಿಸಿ. ನಾನೂ ಒಬ್ಬಳೇ ಕೂತು ನಕ್ಕು ನೋಡುತ್ತೇನೆ.

ನಿಮ್ಮ ಸೊಸೆ


ಆಗಸ್ಟ್ 5

ಪಿಸುಮಾತಿನವಳೇ,

ಕಲ್ಲು ಆರಿಸಿದ ಪಾಠವಂತೆ. ಎಂಥ ಕೆಲಸ ಮಾಡಿದ್ದೀಯ ನೀನು. ಪಾಠ ಹೇಗೂ ಪುಸ್ತಕದಲ್ಲಿ ಇದೆಯಲ್ಲ, ಅದನ್ನು ಓದಲು ಅವಳು ಅಷ್ಟು ದೂರ ಬರಬೇಕೇ? ಪುಸ್ತಕದಲ್ಲಿ ಇಲ್ಲದ್ದು ಯಾವುದೋ ಅದನ್ನೇ ಆರಿಸಿ ಬಿಸಾಡುತ್ತಿದ್ದೀಯ.

ಅವಳು ಹೇಗೆ ನಗುತ್ತಾಳೆ ನಾನು ಹೇಳುತ್ತೇನೆ ಕೇಳು. ಮೊದಲು ನಗಲು ಧೈರ್ಯವಿಲ್ಲ, ಕೊನೆಯಲ್ಲಿ ನಕ್ಕರೆ ಸಿಕ್ಕಿಬೀಳುತ್ತಾಳೆ, ಅದಕ್ಕೆ ನಡುವೆ ಸೇರಿಕೊಳ್ಳುತ್ತಾಳೆ. ಎಷ್ಟು ಜೋರಾಗಿ ನಗಬೇಕು ಎಂದು ಪಕ್ಕದವರ ಮುಖ ನೋಡಿ ಅಳೆಯುತ್ತಾಳೆ. ನಕ್ಕು ಮುಗಿದ ಮೇಲೆ ಕೆನ್ನೆ ನೋಯುತ್ತದೆ. ಆಮೇಲೆ, ನನ್ನನ್ನು ಕಂಡೇ ನಕ್ಕರೇನೋ ಎಂಬ ಯೋಚನೆ ಬರುತ್ತದೆ. ಒಮ್ಮೆ ಬಂದರೆ ಅದು ಸಂಜೆಯವರೆಗೂ ಹೋಗುವುದಿಲ್ಲ.

ನಗುವನ್ನು ಬರಿ. ಯಾರು ಏನು ಅಂದರು, ಯಾಕೆ ನಕ್ಕರು, ಎಲ್ಲ ಬರಿ. ಏನನ್ನೂ ಅಳಿಸಬೇಡ.

ಅಳಿಯನ ತಮಾಷೆ ಕಾಗದದಲ್ಲಿ ರುಚಿಸುವಂಥದ್ದಲ್ಲ, ಬಿಡು.

ಅತ್ತೆ


ಸೆಪ್ಟೆಂಬರ್ 2

ಅತ್ತೆಯವರಿಗೆ ನಮಸ್ಕಾರ.

ಬರೆದೆ. ಮೊನ್ನೆ ಶ್ವಾಸಕೋಶದ ಪಾಠ. ಮೇಷ್ಟ್ರು, ಉಸಿರಾಡೋದು ಮರೆತರೂ ಪರವಾಗಿಲ್ಲ ಹೋಂವರ್ಕ್ ಮರೀಬೇಡಿ ಎಂದರು. ಅಳಿಸಲಿಲ್ಲ. ಆಮೇಲೆ ತರಗತಿ ಗಪ್‌ಚಿಪ್ ಆದಾಗ ಹಿಂದಿನಿಂದ ಒಂದು ಸದ್ದು ಬಂತು. ನಾನು ಆವರಣ ಚಿಹ್ನೆಯೊಳಗೆ ಹೀಗೆ ಟೈಪ್ ಮಾಡಿದೆ: (ಕೊನೆಯ ಬೆಂಚಿನಲ್ಲಿ ಯಾರದೋ ಹೊಟ್ಟೆ ಗುಡುಗುಟ್ಟಿತು. ಎಲ್ಲರೂ ನಕ್ಕರು.) ಹುಡುಗಿ ಗೋಡೆ ಓದಿದಳು. ಹಿಂದೆ ತಿರುಗಿ ಆ ಹುಡುಗನ ಕೆಂಪಾದ ಮುಖವನ್ನು ನೋಡಿ ನಕ್ಕಳು. ಅದು ಬೇರೆಯೇ ನಗು ಅತ್ತೆ. ಆಚೀಚೆ ನೋಡಲಿಲ್ಲ.

ಇದು ಪಾಠಾನೋ ನಾಟಕಾನೋ ಎಂದು ಮೇಷ್ಟ್ರು ಮುಖ ಊದಿಸಿಕೊಂಡರು. ತಮ್ಮ ತಮಾಷೆಗಳೂ ಗೋಡೆಯ ಮೇಲೆ ಉಳಿಯುತ್ತವೆ ಎಂದು ಗೊತ್ತಾದ ಮೇಲೆ ಊತ ಇಳಿಯಿತು. ಈಗ ತಮಾಷೆ ಹೇಳಿ ಗೋಡೆ ನೋಡುತ್ತಾರೆ, ಸರಿಯಾಗಿ ಬಂತೇ ಎಂದು.

ಆದರೆ ನಿಮ್ಮ ಕಾಗದವನ್ನು ನಾನು ಮತ್ತೆ ಮತ್ತೆ ಓದಿದೆ. ಕೆನ್ನೆ ನೋಯುವುದು ನಿಮಗೆ ಹೇಗೆ ಗೊತ್ತು? ಅದು ಬೋರ್ಡಿನ ಮುಂದೆ ನಿಂತವರಿಗೆ ತಿಳಿಯುವ ವಿಷಯವಲ್ಲ. ಆಮೇಲೆ ಒಂದೊಂದೇ ನೆನಪಾಯಿತು. ಹಾಲು ಉಕ್ಕಿ ಒಲೆ ಆರಿದರೂ ನೀವು ಬೆನ್ನು ತಿರುಗಿಸಿ ತರಕಾರಿ ಹೆಚ್ಚುತ್ತಿದ್ದುದು. ಬಾಗಿಲಿನ ಗಂಟೆ ಬಾರಿಸಿದರೆ ನಾನು ಎದ್ದಮೇಲೆ ನೀವು ಏಳುತ್ತಿದ್ದುದು. ಅಳಿಯನ ತಮಾಷೆಯನ್ನು ನೀವು ಬರೆಯಲಿಲ್ಲ.

ಅತ್ತೆ, ನಿಮಗೆ ಕೇಳಿಸುತ್ತದೆಯೇ?

ನಿಮ್ಮ ಸೊಸೆ


ಸೆಪ್ಟೆಂಬರ್ 28

ಅತ್ತೆಯವರಿಗೆ ನಮಸ್ಕಾರ.

ಹಿಂದಿನ ಕಾಗದ ತಲುಪಲಿಲ್ಲವೇನೋ. ತಲುಪಿದ್ದರೆ, ಅದರಲ್ಲಿ ನಾನು ಕೇಳಬಾರದ್ದನ್ನು ಕೇಳಿದ್ದರೆ, ಅದೊಂದು ಸಾಲನ್ನು ಬಿಟ್ಟು ಉಳಿದದ್ದಕ್ಕೆ ಉತ್ತರ ಬರೆಯಿರಿ. ಅಂಚೆಯವನು ನನ್ನನ್ನು ದೂರದಿಂದ ಕಂಡರೇ ಕೈಯಾಡಿಸಿ ಇಲ್ಲ ಎನ್ನುತ್ತಾನೆ.

ನಿಮ್ಮ ಸೊಸೆ


ಅಕ್ಟೋಬರ್ 19

ಸೊಸೆಗೆ,

ನನ್ನ ಕಿವಿಗೆ ಏನೂ ಆಗಿಲ್ಲ. ವಯಸ್ಸಿಗೆ ತಕ್ಕ ಮಂದ, ಅಷ್ಟೇ. ಒಬ್ಬ ಹುಡುಗಿಗೆ ಕೇಳಿಸುವುದಿಲ್ಲವೆಂದು ಕಂಡವರ ಕಿವಿಯನ್ನೆಲ್ಲ ಇಣುಕಿ ನೋಡುವುದು ಬೇಡ. ನಿನ್ನ ನಾದಿನಿಗೆ ಇಂಥದ್ದೆಲ್ಲ ಬರೆಯಲೂ ಹೋಗಬೇಡ.

ಇಲ್ಲಿ ಎಲ್ಲರೂ ಚೆನ್ನಾಗಿ ಮಾತಾಡುತ್ತಾರೆ. ಮಾತು ಆಡದೆ ಇದ್ದವಳು ನೀನು. ನನ್ನ ಮಗ ಹೋದ ಮೇಲೆ ಆ ಮನೆಯಲ್ಲಿ ನನ್ನ ಜೊತೆ ಎಷ್ಟು ಮಾತಾಡಿದೆ ಯೋಚಿಸು. ಆಮೇಲೆ ನನಗೆ ಪ್ರಶ್ನೆ ಕೇಳು.

ಅತ್ತೆ


ಅಕ್ಟೋಬರ್ 30

ಅತ್ತೆಯವರಿಗೆ,

ನಾನು ಮಾತಾಡುತ್ತಿದ್ದೆ. ನನ್ನ ದನಿ ಸಣ್ಣದು, ನಿಜ. ಅವರು ಹೋದ ಮೇಲೆ ಇನ್ನೂ ಸಣ್ಣಗಾಯಿತು, ಅದೂ ನಿಜ. ಆದರೆ ದಿನಾ ಶಾಲೆಯಿಂದ ಬಂದು ನಿಮ್ಮ ಹಿಂದೆ ನಿಂತು ಏನಾದರೂ ಹೇಳುತ್ತಿದ್ದೆ. ನೀವು ತಿರುಗುತ್ತಿರಲಿಲ್ಲ. ಮಗನೇ ಹೋದ ಮೇಲೆ ಸೊಸೆಯ ಮಾತು ಯಾಕೆ ಬೇಕು ಎಂಬ ಹಾಗೆ ಕೂತಿರುತ್ತಿದ್ದಿರಿ. ನಾನು ಹಾಗೆಂದೇ ತಿಳಿದುಕೊಂಡೆ.

ನೀವು ಹೊರಟ ದಿನ ನಾದಿನಿ ಪೆಟ್ಟಿಗೆ ಹಿಡಿದು ಕೆಳಗೆ ಇಳಿದಿದ್ದರು. ನೀವು ಬಗ್ಗಿ ಚಪ್ಪಲಿ ಹಾಕಿಕೊಳ್ಳುತ್ತಿದ್ದಿರಿ. ನಾನು, ಹೋಗಬೇಡಿ ಅತ್ತೆ, ನಂಗೆ ಯಾರಿದ್ದಾರೆ ಎಂದೆ. ನೀವು ಚಪ್ಪಲಿ ಹಾಕಿಕೊಂಡು, ಕೈಚೀಲ ತೆಗೆದುಕೊಂಡು ಹೊರಟಿರಿ.

ಇಷ್ಟು ದಿನ ಅದನ್ನೇ ನಿಮ್ಮ ಉತ್ತರ ಎಂದುಕೊಂಡಿದ್ದೆ. ಈಗ ಕೇಳುತ್ತಿದ್ದೇನೆ, ಸಿಟ್ಟು ಮಾಡಿಕೊಂಡರೂ ಸರಿಯೇ. ಅದು ನಿಮಗೆ ಕೇಳಿಸಿತ್ತೇ?

ನಿಮ್ಮ ಸೊಸೆ


ನವೆಂಬರ್ 11

ಮಗಳೇ,

ಕೇಳಿಸಲಿಲ್ಲ.

ಬಾಗಿಲಲ್ಲಿ ತಿರುಗಿ ನಿನ್ನ ಮುಖ ನೋಡಿದೆ. ನಿನ್ನ ಬಾಯಿ ಮುಚ್ಚಿತ್ತು. ಇರಿ ಎಂದು ಒಂದು ಮಾತಿಗಾದರೂ ಅನ್ನಲಿಲ್ಲವಲ್ಲ ಇವಳು ಎಂದು ರೈಲಿನಲ್ಲಿ ದಾರಿಯುದ್ದಕ್ಕೂ ಕಣ್ಣೀರು ಹಾಕಿದೆ. ಕಿಟಕಿ ತೆರೆದಿತ್ತು, ಕಣ್ಣಿಗೆ ಧೂಳು ಬಿತ್ತು ಎಂದು ನಿನ್ನ ನಾದಿನಿಗೆ ಹೇಳಿದೆ.

ನನ್ನ ಮಗ ಇದ್ದಾಗ ಅವನ ದಪ್ಪ ದನಿಯೊಂದು ಕೇಳಿಸುತ್ತಿತ್ತು. ನೀನು ಹೇಳಿದ್ದನ್ನೂ ಅವನೇ ಮತ್ತೊಮ್ಮೆ ಹೇಳುತ್ತಿದ್ದ. ಅವನು ಹೋದ ಮೇಲೆ ಮನೆಯಲ್ಲಿ ದನಿಯೇ ಇಲ್ಲವಾಯಿತು. ನಿನಗೆ ಪಿಸುಮಾತಿನವಳು ಎಂದು ಹೆಸರಿಟ್ಟು ಆಡಿಕೊಂಡದ್ದು ಅದಕ್ಕೇ. ನಿನ್ನ ದನಿ ಸಣ್ಣದು ಎಂದರೆ ನನ್ನ ಕಿವಿ ಸರಿಯಿದೆ ಎಂದಾಯಿತಲ್ಲ.

ಇಲ್ಲಿ ನನಗೆ ಒಂದು ಮಾತೂ ತಿಳಿಯುವುದಿಲ್ಲ. ಊಟದ ಮೇಜಿನ ಸುತ್ತ ಬಾಯಿಗಳು ಆಡುತ್ತವೆ. ನಾನು ಕೆನ್ನೆ ಎಳೆದುಕೊಂಡು ಕೂತಿರುತ್ತೇನೆ. ಮೊಮ್ಮಗ ಏನಾದರೂ ಕೇಳಿದರೆ ಹೂಂ ಎನ್ನುತ್ತೇನೆ. ಹೂಂ ಅನ್ನಬಾರದ ಕಡೆ ಅಂದಾಗ ಅವನ ಮುಖ ಬೇರೆಯಾಗುತ್ತದೆ, ಅದರಿಂದ ಗೊತ್ತಾಗುತ್ತದೆ. ಉಂಡ ತಕ್ಷಣ ಎದ್ದು ಕೋಣೆಗೆ ಬಂದು ನಿನಗೆ ಬರೆಯುತ್ತೇನೆ. ನಾನು ಎದ್ದಮೇಲೆ ಅವರು ನನ್ನ ವಿಷಯವನ್ನೇ ಆಡಿಕೊಳ್ಳುತ್ತಾರೆ ಎಂದು ನನಗೆ ಗೊತ್ತು.

ಡಾಕ್ಟರರ ಹತ್ತಿರ ಒಬ್ಬಳೇ ಹೋಗಿದ್ದೆ. ಯಂತ್ರ ಹಾಕಿ ನೋಡಿದರು. ಅವರ ಪೆನ್ನು ಮೇಜಿಗೆ ತಾಗಿದ್ದು ತಲೆಯೊಳಗೆ ಹೊಡೆದ ಹಾಗಾಯಿತು, ಮಾತು ಮಾತ್ರ ಆಗಲೂ ತಿಳಿಯಲಿಲ್ಲ. ಇಷ್ಟು ತಡವಾಗಿ ಬಂದರೆ ಹೀಗೇ ಎಂದು ಚೀಟಿಯಲ್ಲಿ ಬರೆದು ತೋರಿಸಿದರು.

ಮಗಳಿಗೆ ಹೇಳಬೇಡ. ತಿಳಿದರೆ ಮೊದಲು ಕೂಗಿ ಮಾತಾಡುತ್ತಾರೆ, ಆಮೇಲೆ ಕೂಗಿ ಸುಸ್ತಾಗಿ ಬಿಟ್ಟುಬಿಡುತ್ತಾರೆ. ಈಗ ಗರ್ವದ ಮುದುಕಿ ಎಂದುಕೊಂಡಿದ್ದಾರೆ. ಅದೇ ವಾಸಿ.

ಆ ಗೋಡೆಯ ಮೇಲೆ ಬರೆಯುವ ಸಾಮಾನು ಎಷ್ಟು ದೊಡ್ಡದು?

ಅತ್ತೆ


ನವೆಂಬರ್ 22

ಅತ್ತೆಯವರಿಗೆ ನಮಸ್ಕಾರ.

ಗೋಡೆ ಬೇಡ, ಲ್ಯಾಪ್‌ಟಾಪ್ ಸಾಕು. ಕೈಚೀಲದಲ್ಲಿ ಹಿಡಿಸುತ್ತದೆ. ರಜೆ ಶುರುವಾದ ಕೂಡಲೇ ಬರುತ್ತೇನೆ. ನಾದಿನಿಯವರಿಗೆ ಬರೆದಿದ್ದೇನೆ, ನಿಮ್ಮ ಕಿವಿಯ ಸುದ್ದಿಯನ್ನಲ್ಲ, ನಾನು ಬರುವ ಸುದ್ದಿಯನ್ನಷ್ಟೇ. ಊಟಕ್ಕೆ ನಿಮ್ಮ ಪಕ್ಕದಲ್ಲೇ ಕೂರುತ್ತೇನೆ.

ನಿಮ್ಮ ಸೊಸೆ


ಜನವರಿ 9

ಮಗಳೇ,

ನೀನು ಹೋದ ಮೇಲೆ ಮೇಜು ಮತ್ತೆ ಮೂಕವಾಗಿದೆ.

ಶಾಲೆ ಕೆಲಸ, ಟೈಪಿಂಗ್ ಅಭ್ಯಾಸ ಮಾಡ್ತಿದ್ದೀನಿ ಎಂದು ಅಷ್ಟು ಸಲೀಸಾಗಿ ಸುಳ್ಳು ಹೇಳಿದೆಯಲ್ಲ, ಎಲ್ಲಿ ಕಲಿತೆ? ಊಟದ ಮೇಜಿನ ಮೇಲೂ ಆಫೀಸಾ ಎಂದು ಅಳಿಯ ಅಂದದ್ದು ನೀನು ಟೈಪ್ ಮಾಡಿದ್ದರಲ್ಲಿ ನಾನು ಓದಿದ ಮೊದಲನೆಯ ಮಾತು. ಒಂದು ವರ್ಷದಿಂದ ಎದುರಿಗೆ ಕೂತವನ ಮಾತನ್ನು ಅಂದು ಕಂಡೆ. ತುಟಿ ಕಚ್ಚಿಕೊಂಡು ಕೂತೆ, ಅತ್ತುಬಿಟ್ಟೇನು ಎಂದು.

ಆಮೇಲೆ ಬಂದದ್ದೇನು? ಉಪ್ಪು ಕಮ್ಮಿ. ಮೊಮ್ಮಗನ ಶೂ ಚಿಕ್ಕದಾಗಿದೆ. ಮೇಲಿನ ಮನೆಯವರು ಕುರ್ಚಿ ಎಳೆಯುವ ಸದ್ದಿಗೆ ತಲೆನೋವು. ನನ್ನ ವಿಷಯವನ್ನೇ ಆಡುತ್ತಾರೆ ಎಂದು ವರ್ಷವಿಡೀ ಕುದಿದಿದ್ದೆನಲ್ಲ, ನೀನಿದ್ದ ಅಷ್ಟೂ ದಿನ ನಾನು ಕಾದೆ, ನನ್ನ ಹೆಸರು ಒಳ್ಳೆಯದಕ್ಕೂ ಬರಲಿಲ್ಲ, ಕೆಟ್ಟದ್ದಕ್ಕೂ ಬರಲಿಲ್ಲ. ಸಮಾಧಾನವಾಗಬೇಕಿತ್ತು. ಆದರೆ ನನಗೆ ಅದಕ್ಕಿಂತ ಬೈಗುಳವೇ ವಾಸಿ ಅನಿಸಿತು.

ಈಗ ಒಂದು ಮಾತು ಕೇಳಬೇಕು. ನೀನು ಹೊರಡುವ ಹಿಂದಿನ ದಿನ ಮಧ್ಯಾಹ್ನ, ಅಳಿಯ ಕೈ ತೊಳೆಯಲು ಎದ್ದಾಗ, ಮಗಳು ನಿನ್ನ ಕಡೆ ಬಗ್ಗಿ ಏನೋ ಹೇಳಿದಳು. ಅವಳು ನಗುತ್ತಲೇ ಇದ್ದಳು. ಉಳಿದೆಲ್ಲಕ್ಕೂ ಓಡುತ್ತಿದ್ದ ನಿನ್ನ ಬೆರಳುಗಳು ಅಲ್ಲಿ ನಿಂತವು. ಆಮೇಲೆ ಬಂದ ಸಾಲು, ನೀರಿನ ಜಗ್ಗು ಈ ಕಡೆ ಕೊಡಿ. ಜಗ್ಗು ಕೇಳಲು ಅಷ್ಟು ಹೊತ್ತು ಬೇಕೇ? ನಿನ್ನ ಮುಖವೂ ನೋಡಿದೆ. ಕಿವಿ ಹೋದವರಿಗೆ ಮುಖ ಓದಲು ಬರುತ್ತದೆ.

ಏನನ್ನೂ ಅಳಿಸಬೇಡ ಎಂದು ನಿನಗೆ ಹೇಳಿದ್ದೆ. ಅವಳು ಏನಂದಳು ಬರಿ. ನನ್ನನ್ನು ಎಲ್ಲಾದರೂ ಬಿಟ್ಟುಬರುವ ಮಾತಾದರೂ ಸರಿಯೇ.

ಅತ್ತೆ


ಫೆಬ್ರವರಿ 3

ಅತ್ತೆಯವರಿಗೆ,

ಈ ಕಾಗದವನ್ನು ಎಷ್ಟೋ ಸಲ ಶುರುಮಾಡಿ ಹರಿದಿದ್ದೇನೆ. ನಾದಿನಿ ಹೇಳಿದ್ದನ್ನು ಹೇಳಿದ ಹಾಗೇ ಬರೆಯುತ್ತೇನೆ.

"ಅತ್ತಿಗೆ, ಅಮ್ಮ ನಿಮಗೆ ಪುಟಗಟ್ಟಲೆ ಬರೀತಾಳೆ. ನಾನು ದಿನಾ ಅವಳ ಎದುರಿಗೇ ಕೂತಿರ್ತೀನಿ, ನನ್ನ ಹತ್ರ ಒಂದು ಮಾತಿಲ್ಲ. ಊಟ ಮುಗಿದ್ರೆ ಎದ್ದು ಹೋಗ್ತಾಳೆ. ಅಣ್ಣ ಹೋದ ಮೇಲೆ ನಾನು ಮಗಳಲ್ವಾ? ನಾನು ಏನು ತಪ್ಪು ಮಾಡಿದೆ ಅಂತ ನೀವಾದ್ರೂ ಬರೆದು ಕೇಳಿ."

ನಿಮಗೆ ತಿಳಿಯಬಾರದೆಂದು ಪಿಸುದನಿಯಲ್ಲಿ, ನಗುತ್ತಾ ಹೇಳಿದರು. ಕಣ್ಣಿನಲ್ಲಿ ನಗು ಇರಲಿಲ್ಲ.

ನಾನು ಬರೆಯದೆ ಇದ್ದದ್ದು ನಿಮಗೆ ನೋವಾಗುತ್ತದೆಂದು ಅಲ್ಲ. ಇದು ತಿಳಿದರೆ ನೀವು ಅವರ ಜೊತೆ ಮಾತಾಡುತ್ತೀರಿ, ಬರೆದಾದರೂ ಮಾತಾಡುತ್ತೀರಿ. ಆಮೇಲೆ ಉಂಡು ಎದ್ದು ಕೋಣೆಗೆ ಹೋಗಿ ನನಗೆ ಬರೆಯಬೇಕಾದ ಅಗತ್ಯ ನಿಮಗೆ ಇರುವುದಿಲ್ಲ. ಬೆರಳುಗಳು ನಿಂತಾಗ ನನ್ನ ತಲೆಯಲ್ಲಿ ಇದ್ದದ್ದು ಇಷ್ಟೇ. ಆ ಹುಡುಗಿಯ ನಗುವನ್ನು ಅಳಿಸಿದಾಗ ನನಗೆ ಗೊತ್ತಿರಲಿಲ್ಲ. ಇದನ್ನು ಗೊತ್ತಿದ್ದೇ ಮಾಡಿದೆ.

ಅವರಿಗೆ ನಿಮ್ಮ ಕಿವಿಯ ವಿಷಯ ಹೇಳಿಬಿಡಿ. ಅವರು ಕೂಗಲಾರರು ಅನಿಸುತ್ತದೆ.

ನಿಮ್ಮ ಸೊಸೆ


ಫೆಬ್ರವರಿ 15

ಮಗಳೇ,

ನಿನ್ನ ಕಾಗದ ಓದಿದ ಮೇಲೆ ಒಂದು ಹಾಳೆ ತೆಗೆದುಕೊಂಡು, ನನಗೆ ಕಿವಿ ಕೇಳಿಸುವುದಿಲ್ಲ, ನೀನು ಏನೂ ತಪ್ಪು ಮಾಡಿಲ್ಲ ಎಂದು ಬರೆದು ಊಟಕ್ಕೆ ಮೊದಲು ಅವಳ ತಟ್ಟೆಯ ಪಕ್ಕ ಇಟ್ಟೆ. ಓದಿದಳು. ದಡಕ್ಕನೆ ಎದ್ದು ಹೋದಳು. ಮುಗಿಯಿತು ಎಂದುಕೊಂಡೆ. ಪೆನ್ನು ತರಲು ಹೋಗಿದ್ದಳು.

ಈಗಲೂ ಎದುರಿಗೆ ಕೂತು ಬರೆಯುತ್ತಿದ್ದಾಳೆ, ಹಾಳೆಯ ಎರಡೂ ಬದಿ ತುಂಬಿದೆ. ಅಕ್ಷರ ಚಿಕ್ಕಂದಿನ ಕೋಳಿಕಾಲೇ. ತಿದ್ದಲು ಕೈ ತುರಿಸುತ್ತಿದೆ.

ನಿನ್ನ ಮೇಲೆ ಸಿಟ್ಟಿಲ್ಲ. ಉದ್ದ ಬರೆಯಲು ಇವತ್ತು ಆಗದು, ಅವಳು ಹಾಳೆ ಈ ಕಡೆ ತಳ್ಳಿದಳು.

ಅತ್ತೆ


ಮಾರ್ಚ್ 20

ಅತ್ತೆಯವರಿಗೆ ನಮಸ್ಕಾರ.

ನಿಮ್ಮ ಅರ್ಧ ಪುಟದ ಕಾಗದ ಬಂದು ತಿಂಗಳಾಯಿತು. ಆಮೇಲೆ ಬೇರೆ ಬಂದಿಲ್ಲ. ಬರಲಿಲ್ಲವೆಂದರೆ ಅಲ್ಲಿ ಹಾಳೆಗಳು ಮೇಜಿನ ಮೇಲೆ ಆಚೆ ಈಚೆ ಓಡಾಡುತ್ತಿವೆ ಎಂದು ತಿಳಿದುಕೊಳ್ಳುತ್ತೇನೆ. ಸಂತೋಷವಾಗುತ್ತದೆ. ಆಮೇಲೆ ಸಂಕಟವೂ ಆಗುತ್ತದೆ. ಎರಡನ್ನೂ ಬರೆಯುತ್ತಿದ್ದೇನೆ, ಇನ್ನು ಅಳಿಸುವುದಿಲ್ಲ ಎಂದು ತೀರ್ಮಾನಿಸಿದ್ದೇನಲ್ಲ.

ಹುಡುಗಿ ನಮ್ಮಲ್ಲೇ ಉಳಿಯುತ್ತಾಳೆ. ಹೆಡ್‌ಮಿಸ್ಟ್ರೆಸ್ ಹೇಳಿದರು.

ಮೊನ್ನೆ ಏನಾಯಿತೆಂದರೆ, ಮೇಷ್ಟ್ರು ಮಕ್ಕಳಿಗೆ ಬರೆಯಲು ಕೊಟ್ಟು ಹೊರಗೆ ಹೋದರು. ಕಾಲರಿನ ಮೈಕು ತೆಗೆಯಲು ಮರೆತಿದ್ದರು. ತರಗತಿ ಸುಮ್ಮನೆ ತಲೆ ತಗ್ಗಿಸಿ ಬರೆಯುತ್ತಿತ್ತು. ಗೋಡೆಯ ಮೇಲೆ ಒಂದೊಂದೇ ಸಾಲು ಬಂತು. ಚಹಾ ಇದೆಯಾ. ಸಕ್ಕರೆ ಇನ್ನೂ ಒಂದು ಚಮಚ ಹಾಕು. ನಮ್ಮ ಮನೆಯವಳಿಗೆ ಹೇಳ್ಬೇಡ ಮಾರಾಯ. ಬೇರೆ ಯಾರೂ ತಲೆಯೆತ್ತಿರಲಿಲ್ಲ. ಹುಡುಗಿಯೊಬ್ಬಳೇ ಗೋಡೆ ನೋಡುತ್ತಿದ್ದಳು. ಜೋರಾಗಿ ನಕ್ಕಳು, ಎಲ್ಲರಿಗಿಂತ ಮೊದಲು. ಉಳಿದವರು ಯಾಕೆಂದು ಅವಳ ಮುಖ ನೋಡಿದರು, ಅವಳು ಗೋಡೆ ತೋರಿಸಿದಳು, ಆಮೇಲೆ ಮೇಜು ಬಡಿದುಕೊಂಡು ನಕ್ಕರು. ನಾನು ಅಭ್ಯಾಸದಂತೆ ಟೈಪ್ ಮಾಡಿದೆ: (ಎಲ್ಲರೂ ನಕ್ಕರು.)

ಬಿಡುವಿನ ಗಂಟೆ ಹೊಡೆದು ಮಕ್ಕಳು ಹೊರಡುವಾಗ ಅವಳು ನನ್ನ ಬೆಂಚಿಗೆ ಬಂದಳು. ನನ್ನ ಲ್ಯಾಪ್‌ಟಾಪನ್ನು ತನ್ನ ಕಡೆ ತಿರುಗಿಸಿಕೊಂಡು, ಒಂದೇ ಬೆರಳಿನಲ್ಲಿ ಹುಡುಕಿ ಹುಡುಕಿ ಒಂದು ಸಾಲು ಬರೆದಳು. ಅದು ಗೋಡೆಯ ಮೇಲೂ ದೊಡ್ಡ ಅಕ್ಷರದಲ್ಲಿ ಬಂತು.

ತಪ್ಪು ಇದೆ ಮಿಸ್. ನೀವು ನಗಲಿಲ್ಲ.

ಬೇರೆಯವರ ನಗು ಬರೆಯುತ್ತಾ ನಗುವ ಹೊತ್ತು ದಾಟಿಹೋಗುತ್ತದೆ ಎಂದು ಅವಳಿಗೆ ಹೇಗೆ ಹೇಳಲಿ. ತಪ್ಪಾದಲ್ಲಿ ತಿದ್ದುವುದು ನನ್ನ ಕೆಲಸ. ಪರದೆಯಲ್ಲಿ ಮೇಲೆ ಹೋಗಿ ಆ ಸಾಲನ್ನು ಸರಿಮಾಡಿದೆ: (ಮಿಸ್ ಒಬ್ಬರನ್ನು ಬಿಟ್ಟು ಎಲ್ಲರೂ ನಕ್ಕರು.) ಅವಳು ಓದಿ ತಲೆಯಾಡಿಸಿದಳು. ಅರ್ಥವಾಗಿಯೇ ಆಡಿಸಿದ್ದು. ಆಮೇಲೆ ನನ್ನ ಪಕ್ಕದಲ್ಲಿ ಕೂತು ತನ್ನ ಬ್ರೆಡ್ಡಿನ ಡಬ್ಬಿ ತೆರೆದಳು.

ನಲ್ಲಿ ಇನ್ನೂ ತೊಟ್ಟಿಕ್ಕುತ್ತಿದೆ. ಬಿಡುವಾದಾಗ ಬರೆಯಿರಿ ಅತ್ತೆ, ಅರ್ಧ ಪುಟವಾದರೂ ಸರಿ.

ನಿಮ್ಮ ಸೊಸೆ